ದೊಡ್ಡ ಕರುಳಿನ ಪರೀಕ್ಷೆಗೆ ಮುನ್ನ

ನೋಡಬೇಕಾದ ವಸ್ತುವು ನಿರ್ಮಲವಾಗಿರಬೇಕೆಂಬುದು ವಿಜ್ಞಾನದ ಮೊದಲ ಪಾಠಗಳಲ್ಲೊಂದು. ಸೂಕ್ಷ್ಮದರ್ಶಕವು ಎಷ್ಟೇ ಬೆಲೆಯುಳ್ಳದ್ದಾಗಿರಲಿ, ಅದರ ಗಾಜಿನ ಪಟ್ಟಿಯ ಮೇಲೆ ಧೂಳು ಕುಳಿತಿದ್ದರೆ ಆ ಧೂಳನ್ನೇ ದೊಡ್ಡದು ಮಾಡಿ ತೋರಿಸೀತೇ ಹೊರತು ಅದರ ಕೆಳಗಿರುವ ಜೀವಕೋಶವನ್ನಲ್ಲ. ಪ್ರಯೋಗಶಾಲೆಯಲ್ಲಿ ಈ ಪಾಠವನ್ನು ಮರೆತ ವಿದ್ಯಾರ್ಥಿಗೆ ಒಂದೆರಡು ಅಂಕಗಳು ಕಡಿಮೆಯಾಗಬಹುದು, ಅಷ್ಟೆ. ಆದರೆ ಇದೇ ಪಾಠವನ್ನು ಮರೆತರೆ ಮನುಷ್ಯನ ಪ್ರಾಣಕ್ಕೇ ಕುಂದು ಬರಬಹುದಾದ ಸಂದರ್ಭವೊಂದುಂಟು. ಅದು ಆಸ್ಪತ್ರೆಯಲ್ಲಿ ನಡೆಯುವ ಕೊಲೊನೋಸ್ಕೋಪಿ ಎಂಬ ಪರೀಕ್ಷೆ. ಎಂದರೆ ದೊಡ್ಡ ಕರುಳಿನ ಒಳಗೋಡೆಯನ್ನು ಕಣ್ಣಾರೆ ಕಾಣುವ ವಿಧಾನ.

ನಮ್ಮ ಹಾರೂಗೇರಿಯ ಸುತ್ತಿನ ಜನರು ಇಂಥ ಪರೀಕ್ಷೆಗಾಗಿ ಸಾಮಾನ್ಯವಾಗಿ ಮಿರಜಿಗೋ ಬೆಳಗಾವಿಗೋ ಹೋಗುವರು. ವಿಲಿಯಂ ವಾನ್ಲೆಸ್ ಎಂಬ ವೈದ್ಯರು ೧೮೯೪ರಲ್ಲಿ ಮಿರಜಿನಲ್ಲಿ ಆಸ್ಪತ್ರೆಯನ್ನು ತೆರೆದ ಕಾಲದಿಂದಲೂ ಕೃಷ್ಣೆಯ ಎರಡು ದಂಡೆಗಳ ಹಳ್ಳಿಗರಿಗೆ ಆ ಊರಿನ ದಾರಿ ಪರಿಚಿತವಾದುದು. ಪರೀಕ್ಷೆ ಮುಗಿಸಿ ಬಂದವರನ್ನು ವಿಚಾರಿಸಿ ನೋಡಿರಿ. "ಪರೀಕ್ಷೆ ಏನೂ ತ್ರಾಸಲ್ಲ, ಹಿಂದಿನ ರಾತ್ರಿ ಆ ಉಪ್ಪುನೀರು ಕುಡಿಯುವುದೇ ತ್ರಾಸು" ಎಂಬ ಮಾತು ಅನೇಕರ ಬಾಯಲ್ಲಿ ಬರುತ್ತದೆ. ಆಸ್ಪತ್ರೆಯವರು ಕೊಟ್ಟ ಪುಡಿಯನ್ನು ಎರಡು ಲೀಟರೋ ನಾಲ್ಕು ಲೀಟರೋ ನೀರಿನಲ್ಲಿ ಕದಡಿ, ಲೋಟದ ಮೇಲೆ ಲೋಟವಾಗಿ ಕುಡಿದು, ಹತ್ತಾರು ಸಲ ಶೌಚಕ್ಕೆ ಹೋಗಿ ಬರಬೇಕಾಗುತ್ತದೆ. ಇಷ್ಟೆಲ್ಲ ಏಕೆ? ಒಂದು ದಿನ ಉಪವಾಸವಿದ್ದರೆ ಸಾಲದೆ? ಅಜ್ಜಿಯ ಕಾಲದ ಔಡಲೆಣ್ಣೆ ಸಾಲದೆ? ರಾತ್ರಿ ಕುಡಿದ ಮೇಲೆ ಬೆಳಗಿನ ಜಾವದಲ್ಲಿ ಎದ್ದು ಮತ್ತೊಮ್ಮೆ ಏಕೆ ಕುಡಿಯಬೇಕು?

ಈ ಪ್ರಶ್ನೆಗಳು ವೈದ್ಯಶಾಸ್ತ್ರಕ್ಕೆ ಸೇರಿದುವಾದರೂ ಇವುಗಳ ಉತ್ತರದಲ್ಲಿ ಅರ್ಧಕ್ಕಿಂತ ಹೆಚ್ಚು ಭಾಗವು ಭೌತಶಾಸ್ತ್ರದ್ದೇ ಆಗಿದೆ. ಆದುದರಿಂದಲೇ ಭೌತಶಾಸ್ತ್ರವನ್ನು ಪಾಠ ಹೇಳುವ ನಾವು ಈ ವಿಷಯಕ್ಕೆ ಕೈಹಾಕಿದ್ದೇವೆ. ಇನ್ನೊಂದು ಕಾರಣವೂ ಉಂಟು. ಆಸ್ಪತ್ರೆಯಲ್ಲಿ ಕೊಡುವ ಸೂಚನೆಯ ಚೀಟಿಯು ಅನೇಕ ವೇಳೆ ಇಂಗ್ಲಿಷಿನಲ್ಲಿರುತ್ತದೆ. ಮನೆಯಲ್ಲಿ ಅದನ್ನು ಓದಿ ಹಿರಿಯರಿಗೆ ತಿಳಿಸುವ ಭಾರವು ಹೈಸ್ಕೂಲಿಗೋ ಕಾಲೇಜಿಗೋ ಹೋಗುವ ಮಗನ ಇಲ್ಲವೆ ಮಗಳ ಮೇಲೆ ಬೀಳುತ್ತದೆ. ಕಾರಣವನ್ನು ತಿಳಿದು ಹೇಳುವವರ ಮಾತಿಗೆ ತೂಕ ಹೆಚ್ಚು.

ಬೆಳಕನ್ನು ಬಾಗಿಸಿದ ಕಥೆ

ಬೆಳಕು ನೇರವಾಗಿ ಚಲಿಸುತ್ತದೆ, ಕರುಳಾದರೋ ಅಂಕುಡೊಂಕಾದುದು. ಹೀಗಿರುವಾಗ ಕರುಳಿನ ಒಳಗನ್ನು ನೋಡುವುದೆಂತು? ಈ ತೊಡಕನ್ನು ಬಿಡಿಸಿದುದು ನಾವು ತರಗತಿಯಲ್ಲಿ ಕಲಿಯುವ ಪೂರ್ಣ ಆಂತರಿಕ ಪ್ರತಿಫಲನವೆಂಬ ತತ್ತ್ವ. ಗಾಜಿನಿಂದ ಹೊರಡುವ ಕಿರಣವು ಅದರ ಮೇಲ್ಮೈಯನ್ನು ಒಂದು ನಿಶ್ಚಿತ ಕೋನಕ್ಕಿಂತ ಹೆಚ್ಚು ಓರೆಯಾಗಿ ಮುಟ್ಟಿದರೆ ಹೊರಕ್ಕೆ ಬಾರದೆ ಒಳಕ್ಕೇ ಮರಳುತ್ತದೆ. ಕೂದಲಿನಷ್ಟು ತೆಳುವಾದ ಗಾಜಿನ ಎಳೆಯಲ್ಲಿ ಬೆಳಕು ಹೀಗೆ ಮತ್ತೆ ಮತ್ತೆ ಮರಳುತ್ತ, ಎಳೆಯು ಬಾಗಿದಂತೆ ತಾನೂ ಬಾಗಿ ಮುಂದೆ ಸಾಗುತ್ತದೆ.

ಇಂಥ ಸಾವಿರಾರು ಎಳೆಗಳ ಕಟ್ಟಿನಿಂದ ಒಂದು ಚಿತ್ರವನ್ನೇ ಸಾಗಿಸಬಹುದೆಂಬುದನ್ನು ೧೯೫೪ರಲ್ಲಿ ಲಂಡನ್ನಿನ ಇಂಪೀರಿಯಲ್ ಕಾಲೇಜಿನ ಹೆರಾಲ್ಡ್ ಹಾಪ್ಕಿನ್ಸ್ ಮತ್ತು ನಮ್ಮ ದೇಶದವರೇ ಆದ ನರಿಂದರ್ ಸಿಂಗ್ ಕಪಾನಿ ಎಂಬವರು ಪ್ರಕಟಿಸಿದರು. ಅಮೇರಿಕದ ಮಿಚಿಗನ್ ವಿಶ್ವವಿದ್ಯಾಲಯದಲ್ಲಿ ಬೇಸಿಲ್ ಹರ್ಷೊವಿಟ್ಜ್ ಎಂಬ ವೈದ್ಯರು ಇದನ್ನು ಕೈಗೆತ್ತಿಕೊಂಡರು. ಒಂದು ಎಳೆಯ ಬೆಳಕು ಪಕ್ಕದ ಎಳೆಗೆ ಸೋರದಂತೆ ಪ್ರತಿಯೊಂದು ಎಳೆಗೂ ಬೇರೊಂದು ಬಗೆಯ ಗಾಜಿನ ಹೊದಿಕೆಯನ್ನು ಹೊದಿಸುವ ಉಪಾಯವನ್ನು ೧೯೫೬ರಲ್ಲಿ ಸಾಧಿಸಿದವನು ಲಾರೆನ್ಸ್ ಕರ್ಟಿಸ್. ಆಗ ಆತನಿನ್ನೂ ಪದವಿಯನ್ನೇ ಪಡೆಯದ ಕಾಲೇಜು ವಿದ್ಯಾರ್ಥಿ! ಮರುವರ್ಷ ಹರ್ಷೊವಿಟ್ಜರು ಆ ಉಪಕರಣವನ್ನು ಬಳಸಿ ಜಠರವನ್ನು ನೋಡಿದರು. ದೊಡ್ಡ ಕರುಳಿನ ಸರದಿ ಬಂದುದು ಅನಂತರ. ೧೯೬೯ರಲ್ಲಿ ನ್ಯೂಯಾರ್ಕಿನ ವಿಲಿಯಂ ವುಲ್ಫ್ ಮತ್ತು ಹಿರೋಮಿ ಶಿನ್ಯಾ ಎಂಬ ವೈದ್ಯರು ಇಡಿಯ ದೊಡ್ಡ ಕರುಳನ್ನು ನೋಡುವುದಲ್ಲದೆ, ಅಲ್ಲಿ ಕಂಡ ಗಂಟುಗಳನ್ನು ತಂತಿಯ ಕುಣಿಕೆಯಿಂದ ಕತ್ತರಿಸಿ ತೆಗೆಯುವ ವಿಧಾನವನ್ನೂ ಆಚರಣೆಗೆ ತಂದರು. ಇಂದಿನ ಉಪಕರಣಗಳಲ್ಲಿ ಚಿತ್ರವನ್ನು ಹಿಡಿಯುವುದು ತುದಿಯಲ್ಲಿರುವ ಪುಟ್ಟ ವಿದ್ಯುನ್ಮಾನ ಕ್ಯಾಮೆರಾ. ಕೊಳವೆಯ ದಪ್ಪವು ಸುಮಾರು ೧೨ರಿಂದ ೧೩ ಮಿಲಿಮೀಟರು. ಅದರೊಳಗೆ ನೀರು ಬಿಡಲು, ಗಾಳಿ ತುಂಬಲು, ಕೊಳೆಯನ್ನು ಹೀರಲು, ಸಲಕರಣೆಯನ್ನು ತೂರಿಸಲು ಸಣ್ಣ ಸಣ್ಣ ಮಾರ್ಗಗಳಿರುತ್ತವೆ.

ನೋಡಬೇಕಾದುದೇನು?

ದೊಡ್ಡ ಕರುಳು ಸುಮಾರು ಒಂದೂವರೆ ಮೀಟರು ಉದ್ದವಾದುದು. ಹೊಟ್ಟೆಯ ಬಲಗಡೆಯ ಕೆಳಮೂಲೆಯಲ್ಲಿ ಸಣ್ಣ ಕರುಳು ಅದಕ್ಕೆ ಬಂದು ಕೂಡುತ್ತದೆ. ಅಲ್ಲಿಂದ ಅದು ಬಲಗಡೆ ಮೇಲಕ್ಕೇರಿ, ಅಡ್ಡವಾಗಿ ಎಡಕ್ಕೆ ಸಾಗಿ, ಎಡಗಡೆ ಕೆಳಗಿಳಿದು ಗುದದ್ವಾರದಲ್ಲಿ ಮುಗಿಯುತ್ತದೆ. ವೈದ್ಯರು ಕೊಳವೆಯನ್ನು ಕೊನೆಯ ಬಾಗಿಲಿನಿಂದ ಒಳಕ್ಕೆ ತೂರಿಸಿ ಮೊದಲನೆಯ ಮೂಲೆಯವರೆಗೆ ಕೊಂಡೊಯ್ದು, ಅನಂತರ ಮೆಲ್ಲಮೆಲ್ಲನೆ ಹಿಂದಕ್ಕೆ ಎಳೆಯುತ್ತ ಗೋಡೆಯನ್ನು ಪರೀಕ್ಷಿಸುವರು. ಹೀಗೆ ಹಿಂದೆ ಬರುವಾಗ ಕಡಮೆಯೆಂದರೂ ೬ ನಿಮಿಷಗಳ ಕಾಲ ನೋಡಬೇಕೆಂಬುದು ಅವರ ನಿಯಮ.

ಅವರು ಹುಡುಕುವುದು ಮುಖ್ಯವಾಗಿ ಗೋಡೆಯ ಮೇಲೆ ಬೆಳೆಯುವ ಪಾಲಿಪ್ ಎಂಬ ಚಿಕ್ಕ ಗಂಟುಗಳನ್ನು. ಇವುಗಳಲ್ಲಿ ಹೆಚ್ಚಿನವು ನಿರಪಾಯಕರ. ಆದರೆ ಕೆಲವು ಜಾತಿಯವು ನಿಧಾನವಾಗಿ, ಸಾಮಾನ್ಯವಾಗಿ ಹತ್ತು ವರ್ಷಗಳಷ್ಟು ಕಾಲದಲ್ಲಿ, ಅರ್ಬುದವಾಗಿ ಮಾರ್ಪಡುವುದುಂಟು. ಅರ್ಬುದವೆಂದರೆ ಕ್ಯಾನ್ಸರ್. ೨೦೨೨ರಲ್ಲಿ ಜಗತ್ತಿನಲ್ಲಿ ಸುಮಾರು ೧೯ ಲಕ್ಷ ಜನರಿಗೆ ದೊಡ್ಡ ಕರುಳು ಮತ್ತು ಗುದನಾಳದ ಅರ್ಬುದವು ಹೊಸದಾಗಿ ತಗುಲಿತೆಂದೂ, ಸುಮಾರು ೯ ಲಕ್ಷ ಜನರು ಅದರಿಂದ ತೀರಿಕೊಂಡರೆಂದೂ ಅಂತರರಾಷ್ಟ್ರೀಯ ಅಂದಾಜುಗಳು ಹೇಳುತ್ತವೆ. ಪಾಶ್ಚಾತ್ಯ ದೇಶಗಳಿಗಿಂತ ನಮ್ಮಲ್ಲಿ ಈ ರೋಗದ ಪ್ರಮಾಣ ಕಡಮೆ. ಆದರೆ ಹತ್ತು ವರ್ಷಗಳ ಆ ಸಾವಕಾಶವೇ ಈ ರೋಗದ ದೌರ್ಬಲ್ಯ. ಗಂಟಾಗಿರುವಾಗಲೇ ಕಂಡು ಕತ್ತರಿಸಿದರೆ ರೋಗದ ಬೇರನ್ನೇ ಕಿತ್ತಂತೆ. ಹೀಗೆ ಗಂಟುಗಳನ್ನು ತೆಗೆಸಿಕೊಂಡವರನ್ನು ಬಹುಕಾಲ ಗಮನಿಸಿದ ಅಮೇರಿಕದ ಅಧ್ಯಯನವೊಂದು, ಅವರಲ್ಲಿ ಈ ಅರ್ಬುದದ ಸಾವುಗಳು ನಿರೀಕ್ಷಿತ ಸಂಖ್ಯೆಯ ಅರ್ಧಕ್ಕಿಂತಲೂ ಕೆಳಗಿಳಿದುವೆಂದು ೨೦೧೨ರಲ್ಲಿ ತಿಳಿಸಿತು.

ಈಗ ಅಳತೆಯನ್ನು ಗಮನಿಸಿರಿ. ೫ ಮಿಲಿಮೀಟರಿಗಿಂತ ದೊಡ್ಡದಾದ ಗಂಟುಗಳೆಲ್ಲ ಕಾಣುವಷ್ಟು ಕರುಳು ಸ್ವಚ್ಛವಾಗಿರಬೇಕೆಂಬುದು ವೈದ್ಯರ ಅಪೇಕ್ಷೆ. ೫ ಮಿಲಿಮೀಟರೆಂದರೆ ಹೆಚ್ಚು ಕಡಮೆ ಒಂದು ಜೋಳದ ಕಾಳು. ಒಂದೂವರೆ ಮೀಟರು ಉದ್ದದ, ಮಡಿಕೆ ಮಡಿಕೆಯಾದ ಕೊಳವೆಯಲ್ಲಿ ಜೋಳದ ಕಾಳಿನಷ್ಟರ, ಅದೂ ಗೋಡೆಯ ಬಣ್ಣದ್ದೇ ಆದ ಗಂಟನ್ನು ಹುಡುಕಬೇಕಾಗಿದೆ. ಅದರ ಮೇಲೆ ಮಲದ ತೆಳುಪದರವೊಂದು ಕುಳಿತಿದ್ದರೆ ಏನಾದೀತು? ಆ ಪದರವು ತನ್ನ ಮೇಲೆ ಬಿದ್ದ ಬೆಳಕಿನಲ್ಲಿ ಅರ್ಧವನ್ನು ಮಾತ್ರ ದಾಟಿಸುವುದೆಂದು ಇಟ್ಟುಕೊಳ್ಳೋಣ. ಬೆಳಕು ಗೋಡೆಯನ್ನು ಮುಟ್ಟಲು ಒಮ್ಮೆ, ಮರಳಿ ಕ್ಯಾಮೆರಾಕ್ಕೆ ಬರಲು ಇನ್ನೊಮ್ಮೆ ಆ ಪದರವನ್ನು ದಾಟಬೇಕಷ್ಟೆ. ಆದುದರಿಂದ ಉಳಿಯುವುದು ಅರ್ಧದ ಅರ್ಧ, ಎಂದರೆ ಕಾಲುಭಾಗ. ಪದರದ ದಪ್ಪವು ಇಮ್ಮಡಿಯಾದರೆ ಉಳಿಯುವುದು ಹದಿನಾರನೆಯ ಒಂದು ಪಾಲು. ಕೊಳೆಯು ಸ್ವಲ್ಪ ಹೆಚ್ಚಿದರೆ ನೋಟವು ಬಹಳ ಕೆಡುವುದೆಂಬುದು ಇದರಿಂದ ಸ್ಪಷ್ಟವಾಗುತ್ತದೆ.

ಉಪವಾಸ ಏಕೆ ಸಾಲದು?

ನಾವು ದಿನಕ್ಕೆ ಕುಡಿಯುವ ನೀರು ಸುಮಾರು ೨ ಲೀಟರು. ಇದಲ್ಲದೆ ಲಾಲಾರಸ, ಜಠರರಸ, ಪಿತ್ತರಸ, ಮೇದೋಜೀರಕಾಂಗದ ರಸ, ಕರುಳಿನ ರಸ ಎಂದು ಶರೀರವೇ ಸುಮಾರು ೭ ಲೀಟರು ದ್ರವವನ್ನು ಅನ್ನನಾಳದ ಮಾರ್ಗಕ್ಕೆ ಸುರಿಯುತ್ತದೆ. ಈ ೯ ಲೀಟರಿನಲ್ಲಿ ಹೆಚ್ಚಿನ ಪಾಲನ್ನು ಸಣ್ಣ ಕರುಳು ಮರಳಿ ಹೀರುವುದು. ಲೀಟರೊಂದು ಒಂದೂವರೆಯಷ್ಟು ದೊಡ್ಡ ಕರುಳಿಗೆ ಬರುವುದು. ಅದರಲ್ಲಿಯೂ ಕೊನೆಗೆ ಹೊರಬೀಳುವ ನೀರು ೧೦೦ರಿಂದ ೨೦೦ ಮಿಲಿಲೀಟರು ಮಾತ್ರ. ನಮ್ಮ ಕಾಲುವೆಗಳ ಕೊನೆಯ ಹೊಲಕ್ಕೆ ಬಂದು ಮುಟ್ಟುವ ನೀರಿಗಿಂತಲೂ ಈ ಲೆಕ್ಕ ಬಿಗಿಯಾದುದು!

ಇದರಿಂದ ಎರಡು ಸಂಗತಿಗಳು ತಿಳಿಯುತ್ತವೆ. ಒಂದನೆಯದು, ಉಪವಾಸವಿದ್ದರೂ ರಸಗಳ ಹರಿವು ನಿಲ್ಲದು. ಪಿತ್ತವೂ ಲೋಳೆಯೂ ದೊಡ್ಡ ಕರುಳಿಗೆ ಇಳಿಯುತ್ತಲೇ ಇರುತ್ತವೆ. ಅಲ್ಲದೆ ಮೊದಲೇ ಅಲ್ಲಿರುವ ಮಲವು ದೊಡ್ಡ ಕರುಳನ್ನು ದಾಟಲು ಒಂದೂವರೆ ದಿನವೋ ಅದಕ್ಕೂ ಹೆಚ್ಚೋ ಬೇಕಾಗುವುದುಂಟು. ಎರಡನೆಯದು, ನಾವು ಬರಿಯ ನೀರನ್ನು ಎಷ್ಟು ಕುಡಿದರೂ ಕರುಳು ಅದನ್ನು ಹೀರಿಬಿಡುವುದು. ತೊಳೆಯಲು ನೀರು ಉಳಿಯದು. ಅಷ್ಟೇ ಅಲ್ಲ, ನಾಲ್ಕು ಲೀಟರು ಬರಿಯ ನೀರನ್ನು ತ್ವರೆಯಾಗಿ ಕುಡಿದರೆ ರಕ್ತದಲ್ಲಿಯ ಸೋಡಿಯಮ್ ತೆಳುವಾಗಿ ಅಪಾಯವೂ ಒದಗಬಹುದು.

ಹಾಗಾದರೆ ಔಡಲೆಣ್ಣೆ? ನಮ್ಮ ಮನೆಗಳಲ್ಲಿ ಮಕ್ಕಳ ಮೂಗು ಹಿಡಿದು ಕುಡಿಸುತ್ತಿದ್ದ ಈ ಎಣ್ಣೆಯಲ್ಲಿ ರಿಸಿನೋಲಿಕ್ ಆಮ್ಲವಿದೆ. ಅದು ಕರುಳಿನ ಸ್ನಾಯುಗಳಲ್ಲಿರುವ ಒಂದು ನಿಶ್ಚಿತ ಗ್ರಾಹಕವನ್ನು ಕೆರಳಿಸಿ ಸಂಕೋಚವನ್ನುಂಟುಮಾಡುತ್ತದೆಂಬುದು ೨೦೧೨ರಲ್ಲಿ ತಿಳಿದುಬಂದಿತು. ಎಂದರೆ ಅದು ಕರುಳನ್ನು ಹಿಂಡುತ್ತದೆ, ತೊಳೆಯುವುದಿಲ್ಲ. ಪಾತ್ರೆಯನ್ನು ಬೋರಲು ಹಾಕುವುದಕ್ಕೂ ಅದನ್ನು ನೀರಿನಿಂದ ಗಲಬರಿಸುವುದಕ್ಕೂ ಭೇದವಿದೆಯಲ್ಲವೆ?

ಒಣದ್ರಾಕ್ಷಿ ಹೇಳುವ ಪಾಠ

ಹೀರಲ್ಪಡದೆ ಕರುಳಿನಲ್ಲಿಯೇ ಉಳಿಯುವ ನೀರು ಬೇಕು. ಇದನ್ನು ಸಾಧಿಸುವುದು ಹೇಗೆಂಬುದನ್ನು ತಿಳಿಯಲು ಅಥಣಿಯ ಕಡೆಯ ಒಣದ್ರಾಕ್ಷಿಯನ್ನು ನಾಲ್ಕು ತೆಗೆದುಕೊಂಡು ರಾತ್ರಿ ನೀರಿನಲ್ಲಿ ಹಾಕಿಡಿರಿ. ಬೆಳಗಿಗೆ ಅವು ಉಬ್ಬಿ ದುಂಡಗಾಗಿರುತ್ತವೆ. ಅವುಗಳನ್ನೇ ದಟ್ಟವಾದ ಸಕ್ಕರೆಪಾಕದಲ್ಲಿ ಹಾಕಿದರೆ ಮತ್ತೆ ಸುಕ್ಕುಗಟ್ಟುತ್ತವೆ. ದ್ರಾಕ್ಷಿಯ ಪೊರೆಗಳು ನೀರಿನ ಅಣುಗಳನ್ನು ಸುಲಭವಾಗಿ ಬಿಡುತ್ತವೆ, ಸಕ್ಕರೆಯ ಅಣುಗಳನ್ನು ಅಷ್ಟಾಗಿ ಬಿಡುವುದಿಲ್ಲ. ನೀರು ತೆಳುವಾದ ದ್ರಾವಣದ ಕಡೆಯಿಂದ ದಟ್ಟವಾದ ದ್ರಾವಣದ ಕಡೆಗೆ ಹರಿಯುತ್ತದೆ. ಇದಕ್ಕೆ ಅಭಿಸರಣವೆಂದು ಹೆಸರು. ೧೭೪೮ರಲ್ಲಿ ಫ್ರಾನ್ಸಿನ ನೊಲೆ ಎಂಬ ಪಾದ್ರಿಯು ಹಂದಿಯ ಮೂತ್ರಕೋಶದ ಪೊರೆಯಿಂದ ಮಾಡಿದ ಪ್ರಯೋಗದಲ್ಲಿ ಇದನ್ನು ಕಂಡನು. ೧೮೮೦ರ ದಶಕದಲ್ಲಿ ಹಾಲೆಂಡಿನ ವಾಂಟ್ ಹಾಫ್ ಎಂಬ ವಿಜ್ಞಾನಿಯು ಇದರ ಒತ್ತಡವನ್ನು ಲೆಕ್ಕಹಾಕುವ ಸೂತ್ರವನ್ನು ಕೊಟ್ಟನು. ೧೯೦೧ರಲ್ಲಿ ರಸಾಯನಶಾಸ್ತ್ರದ ಮೊತ್ತಮೊದಲನೆಯ ನೊಬೆಲ್ ಪಾರಿತೋಷಕವು ಸಂದುದು ಅವನಿಗೇ.

ಆ ಸೂತ್ರದಿಂದ ನಮ್ಮ ರಕ್ತದ ಅಭಿಸರಣ ಒತ್ತಡವನ್ನು ಎಣಿಸಿ ನೋಡೋಣ. ರಕ್ತದ್ರವದ ಲೀಟರಿಗೆ ಕರಗಿದ ಕಣಗಳು ಸುಮಾರು ೦.೨೮ ಮೋಲ್. ಅನಿಲ ನಿಯತಾಂಕ ೦.೦೮೨, ಶರೀರದ ಉಷ್ಣತೆ ೩೧೦ ಕೆಲ್ವಿನ್. ಮೂರನ್ನೂ ಗುಣಿಸಿದರೆ ಸುಮಾರು ೭ ವಾಯುಮಂಡಲಗಳ ಒತ್ತಡ ಬರುತ್ತದೆ. ಎಂದರೆ ೭೦ ಮೀಟರಿಗೂ ಮಿಕ್ಕ ಎತ್ತರದ ನೀರಿನ ಕಂಬದ ಒತ್ತಡ! ಕರುಳಿನಲ್ಲಿರುವ ದ್ರಾವಣವು ರಕ್ತಕ್ಕಿಂತ ದಟ್ಟವಾಗಿದ್ದರೆ ಶರೀರದಿಂದ ನೀರು ಕರುಳಿಗೆ ಬರುವುದು. ತೆಳುವಾಗಿದ್ದರೆ ಕರುಳಿನಿಂದ ಶರೀರಕ್ಕೆ ಹೋಗುವುದು. ಎರಡೂ ಅತಿಯಾದರೆ ಕೆಡುಕೇ. ಎರಡೂ ಸರಿಸಮನಾಗಿದ್ದರೆ, ಮತ್ತು ದ್ರಾವಣದ ಕಣಗಳು ಕರುಳಿನ ಗೋಡೆಯನ್ನು ದಾಟದಂತಿದ್ದರೆ, ಕುಡಿದ ನೀರು ಕುಡಿದಷ್ಟೇ ಹೊರಕ್ಕೆ ಬರುವುದು.

ಈ ಸಮತೋಲವು ಒಂದೇ ಯತ್ನಕ್ಕೆ ದೊರೆಯಲಿಲ್ಲ. ೧೯೭೦ರ ದಶಕದಲ್ಲಿ ಉಪ್ಪುನೀರನ್ನೇ ಲೀಟರುಗಟ್ಟಲೆ ಹೊಟ್ಟೆಗೆ ಬಿಟ್ಟು ಕರುಳನ್ನು ತೊಳೆಯುತ್ತಿದ್ದರು. ಆದರೆ ಉಪ್ಪು ಹೀರಲ್ಪಟ್ಟು, ಅದರ ಬೆನ್ನಿಗೆ ನೀರೂ ಹೀರಲ್ಪಟ್ಟು ರೋಗಿಯ ತೂಕವು ಏರುತ್ತಿದ್ದಿತು. ಹೃದಯ ದುರ್ಬಲವಾದವರಿಗೆ ಇದು ತಕ್ಕುದಲ್ಲ. ಮ್ಯಾನಿಟಾಲ್ ಎಂಬ, ಕರುಳು ಹೀರಲಾರದ ಸಿಹಿವಸ್ತುವನ್ನೂ ಬಳಸಿದರು. ಕರುಳು ಹೀರದಿದ್ದರೇನು, ದೊಡ್ಡ ಕರುಳಿನ ಬ್ಯಾಕ್ಟೀರಿಯಗಳು ಅದನ್ನು ಹುದುಗಿಸಿ ಜಲಜನಕ ಅನಿಲವನ್ನು ಹುಟ್ಟಿಸಿದುವು. ಜಲಜನಕವು ಗಾಳಿಯಲ್ಲಿ ೪ರಿಂದ ೭೫ ಶೇಕಡಾ ಪ್ರಮಾಣದಲ್ಲಿದ್ದರೆ ಕಿಡಿ ತಗುಲಿದೊಡನೆ ಸ್ಫೋಟಿಸಬಲ್ಲುದು; ಕರುಳಿನ ಇನ್ನೊಂದು ಅನಿಲವಾದ ಮಿಥೇನು ೫ರಿಂದ ೧೫ ಶೇಕಡಾ ಪ್ರಮಾಣದಲ್ಲಿ. ಗಂಟನ್ನು ಕತ್ತರಿಸಲು ವೈದ್ಯರು ಬಳಸುವ ತಂತಿಯಲ್ಲಿ ವಿದ್ಯುತ್ತು ಹರಿಯುತ್ತದೆಂಬುದನ್ನು ನೆನೆಯಿರಿ. ಮ್ಯಾನಿಟಾಲ್ ಕುಡಿಸಿದ ರೋಗಿಯೊಬ್ಬನು ಹೀಗೆಯೇ ಕರುಳಿನೊಳಗಿನ ಸ್ಫೋಟದಿಂದ ಮಡಿದ ವರದಿಯು ೧೯೭೯ರಲ್ಲಿ ಪ್ರಕಟವಾಯಿತು. ಕರುಳಿನ ಸ್ವಚ್ಛತೆ ಕೇವಲ ನೋಟದ ಪ್ರಶ್ನೆಯಲ್ಲವೆಂಬುದು ಅಂದು ಎಲ್ಲರಿಗೂ ಮನವರಿಕೆಯಾಯಿತು.

ಪುಡಿಯೊಳಗಿನ ಜಾಣತನ

೧೯೮೦ರಲ್ಲಿ ಅಮೇರಿಕದ ಡಲ್ಲಾಸ್ ನಗರದ ಜಾನ್ ಫೋರ್ಡ್‌ಟ್ರಾನ್ ಮತ್ತು ಅವರ ಸಂಗಡಿಗರು ಹೊಸ ದ್ರಾವಣವೊಂದನ್ನು ಪ್ರಕಟಿಸಿದರು. ಇಂದು ಆಸ್ಪತ್ರೆಗಳಲ್ಲಿ ಕೊಡುವ ಪುಡಿಗಳಲ್ಲಿ ಹೆಚ್ಚಿನವು ಅದರ ಸಂತತಿಯವೇ. ಅದರ ಪ್ರಧಾನ ವಸ್ತುವು ಪಾಲಿಎಥಿಲೀನ್ ಗ್ಲೈಕಾಲ್. ಇದು ಇಂಗಾಲ, ಜಲಜನಕ, ಆಮ್ಲಜನಕಗಳ ಉದ್ದನೆಯ ಸರಪಳಿ. ಬಳಕೆಯಲ್ಲಿರುವ ಒಂದು ಜಾತಿಯ ಸರಾಸರಿ ಅಣುಭಾರ ೩೩೫೦; ನೀರಿನ ಅಣುಭಾರ ೧೮, ಗ್ಲೂಕೋಸಿನದು ೧೮೦. ಇಷ್ಟು ದೊಡ್ಡದಾದ ಅಣುವು ಕರುಳಿನ ಗೋಡೆಯನ್ನು ದಾಟದು. ಬ್ಯಾಕ್ಟೀರಿಯಗಳಿಗೂ ಅದು ಆಹಾರವಾಗದು, ಆದಕಾರಣ ಅನಿಲವೂ ಹುಟ್ಟದು. ಸರಪಳಿಯುದ್ದಕ್ಕೂ ಇರುವ ಆಮ್ಲಜನಕದ ಪರಮಾಣುಗಳು ನೀರಿನ ಅಣುಗಳನ್ನು ಹಿಡಿದುಕೊಂಡು ಸಾಗುತ್ತವೆ.

ಎರಡನೆಯ ಜಾಣತನವು ಲವಣಗಳಲ್ಲಿದೆ. ಬರಿಯ ಅಡಿಗೆಯುಪ್ಪಿಗೆ ಬದಲಾಗಿ ಇದರಲ್ಲಿ ಸೋಡಿಯಮ್ ಸಲ್ಫೇಟು ಹೆಚ್ಚು. ಸಲ್ಫೇಟು ಅಯಾನನ್ನು ಕರುಳು ಬಹಳ ಕಷ್ಟದಿಂದ ಹೀರುತ್ತದೆ. ಸೋಡಿಯಮ್ ಧನ ವಿದ್ಯುದಂಶವುಳ್ಳದ್ದು, ಸಲ್ಫೇಟು ಋಣ ವಿದ್ಯುದಂಶವುಳ್ಳದ್ದು. ಧನವೊಂದೇ ಗೋಡೆಯನ್ನು ದಾಟಿಹೋಗಲು ಹೊರಟರೆ ಹಿಂದುಳಿದ ಋಣವು ಅದನ್ನು ಮರಳಿ ಸೆಳೆಯುವುದು. ಹೀಗೆ ಸಲ್ಫೇಟಿನ ಸೆಳೆತದಿಂದ ಸೋಡಿಯಮ್ ಕರುಳಿನಲ್ಲಿಯೇ ಉಳಿಯುತ್ತದೆ. ಸೋಡಿಯಮ್ ಉಳಿದುದರಿಂದ ನೀರೂ ಉಳಿಯುತ್ತದೆ.

ಇದರ ತದ್ವಿರುದ್ಧವಾದ ದ್ರಾವಣವೊಂದು ನಮಗೆಲ್ಲ ಪರಿಚಿತವಾಗಿದೆ. ವಾಂತಿಭೇದಿಯಾದಾಗ ಕುಡಿಸುವ ಓ.ಆರ್.ಎಸ್. ಪುಡಿಯಲ್ಲಿ ಉಪ್ಪಿನೊಡನೆ ಗ್ಲೂಕೋಸು ಇರುತ್ತದೆ. ಗ್ಲೂಕೋಸು ಸೋಡಿಯಮನ್ನು ಜೊತೆಗೂಡಿ ಗೋಡೆಯನ್ನು ದಾಟುವುದು. ಇವೆರಡರ ಹಿಂದೆ ನೀರು ಶರೀರವನ್ನು ಸೇರುವುದು. ೧೯೭೧ರಲ್ಲಿ ಬಂಗಾಳದ ಬನಗಾಂವ್ ನಿರಾಶ್ರಿತರ ಶಿಬಿರದಲ್ಲಿ ದಿಲೀಪ್ ಮಹಲನಬಿಸ್ ಎಂಬ ವೈದ್ಯರು ಇದರಿಂದಲೇ ಸಾವಿರಾರು ಕಾಲರಾ ರೋಗಿಗಳ ಪ್ರಾಣವನ್ನುಳಿಸಿದರು. ಒಂದು ಪುಡಿ ನೀರನ್ನು ಶರೀರಕ್ಕೆ ಸೇರಿಸಲು, ಇನ್ನೊಂದು ಪುಡಿ ನೀರನ್ನು ಶರೀರಕ್ಕೆ ಸೇರಿಸದಿರಲು. ಎರಡರ ಹಿಂದಿರುವ ನಿಯಮ ಒಂದೇ. ಆದುದರಿಂದ ರುಚಿಗೆಂದು ತೊಳೆಯುವ ದ್ರಾವಣಕ್ಕೆ ಸಕ್ಕರೆಯನ್ನಾಗಲಿ ಬೆಲ್ಲವನ್ನಾಗಲಿ ಬೆರೆಸಕೂಡದು. ಹಾಗೆ ಮಾಡಿದರೆ ಫೋರ್ಡ್‌ಟ್ರಾನರ ದ್ರಾವಣವನ್ನು ಮಹಲನಬಿಸರ ದ್ರಾವಣದ ಕಡೆಗೆ ನಾವೇ ತಳ್ಳಿದಂತಾಗುವುದು! ತಂಪುಮಾಡಿ ಕುಡಿದರೆ ರುಚಿಯ ಬಾಧೆ ಕಡಮೆಯಾಗುತ್ತದೆ. ಹೇಳಿದ ಅಳತೆಯ ನೀರಿಗಿಂತ ಕಡಮೆ ನೀರಿನಲ್ಲಿ ಪುಡಿಯನ್ನು ಕದಡುವುದೂ ತಪ್ಪು. ಸಮತೋಲವು ಅಳತೆಯಲ್ಲಿಯೇ ಇರುವುದು.

ಎರಡನೆಯ ಪಾಲಿನ ಮಹತ್ವ

ಹಿಂದೆ ಎಲ್ಲ ದ್ರಾವಣವನ್ನೂ ಹಿಂದಿನ ಸಂಜೆಯೇ ಕುಡಿಸಿಬಿಡುತ್ತಿದ್ದರು. ಈಗ ಸಾಮಾನ್ಯವಾಗಿ ಅದನ್ನು ಎರಡು ಪಾಲು ಮಾಡಿ, ಅರ್ಧವನ್ನು ಸಂಜೆಗೂ ಉಳಿದರ್ಧವನ್ನು ಪರೀಕ್ಷೆಗೆ ೪ರಿಂದ ೬ ಗಂಟೆಗಳ ಮುಂಚೆಯೂ ಕುಡಿಯಲು ಹೇಳುವರು. ಪರೀಕ್ಷೆಗೆ ೨ ಗಂಟೆಯಿರುವಾಗಲಾದರೂ ಕುಡಿಯುವುದನ್ನು ಮುಗಿಸಿರಬೇಕು. ಕಾರಣವೇನು? ಸಂಜೆಯ ಪಾಲು ಕರುಳನ್ನು ತೊಳೆದರೂ ರಾತ್ರಿಯೆಲ್ಲ ಸಣ್ಣ ಕರುಳಿನಿಂದ ಪಿತ್ತಮಿಶ್ರಿತವಾದ ದ್ರವವು ಇಳಿಯುತ್ತಲೇ ಇರುವುದು. ಅದು ಮೊದಲು ಬಂದು ಲೇಪವಾಗುವುದು ದೊಡ್ಡ ಕರುಳಿನ ಬಲಗಡೆಯ ಭಾಗದಲ್ಲಿ. ಗೋಡೆಯೊಡನೆ ಸಮನಾಗಿ ಚಪ್ಪಟೆಯಾಗಿ ಬೆಳೆದು ಕಣ್ಣು ತಪ್ಪಿಸುವ ಗಂಟುಗಳು ಹೆಚ್ಚಾಗಿ ಇರುವುದೂ ಅಲ್ಲಿಯೇ. ಎರಡನೆಯ ಪಾಲು ಈ ಲೇಪವನ್ನು ತೊಳೆಯುವುದಕ್ಕಾಗಿ.

ನಮ್ಮ ಭಾಗದ ಜನರಿಗೆ ತೊಡಕು ಬರುವುದು ಇಲ್ಲಿಯೇ. ಬೆಳಿಗ್ಗೆ ೧೦ ಗಂಟೆಗೆ ಮಿರಜಿನಲ್ಲಿ ಪರೀಕ್ಷೆಯೆಂದರೆ ೫ ಗಂಟೆಯ ಸುಮಾರಿಗೆ ಎರಡನೆಯ ಪಾಲನ್ನು ಪ್ರಾರಂಭಿಸಬೇಕು. ಆದರೆ ಅದೇ ಹೊತ್ತಿಗೆ ಹಾರೂಗೇರಿಯಲ್ಲಿ ಬಸ್ಸನ್ನೋ ಕುಡಚಿಯಲ್ಲಿ ರೈಲನ್ನೋ ಹಿಡಿಯಬೇಕಾಗಿರುತ್ತದೆ. ದಾರಿಯಲ್ಲಿ ಶೌಚದ ಅನುಕೂಲವಿಲ್ಲವೆಂಬ ಅಂಜಿಕೆಯಿಂದ, ಅದರಲ್ಲಿಯೂ ಹೆಂಗಸರು ಮತ್ತು ವೃದ್ಧರು, ಎರಡನೆಯ ಪಾಲನ್ನು ಬಿಟ್ಟುಬಿಡಲು ಮನಸ್ಸು ಮಾಡುವುದು ಸಹಜ. ಅಂಜಿಕೆ ಸಹಜವಾದರೂ ಫಲವು ದುಬಾರಿಯಾದುದು: ಕೆಲಸ ಕೆಟ್ಟು, ಹಣ ತೆತ್ತು, ರಾತ್ರಿಯೆಲ್ಲ ಕಷ್ಟಪಟ್ಟು ಮಾಡಿಸಿದ ಪರೀಕ್ಷೆಯು "ಕರುಳು ಸ್ವಚ್ಛವಿಲ್ಲ, ಮತ್ತೊಮ್ಮೆ ಬನ್ನಿರಿ" ಎಂಬಲ್ಲಿಗೆ ಮುಗಿಯಬಹುದು. ಅದಕ್ಕಿಂತಲೂ ಕೆಟ್ಟುದೆಂದರೆ, ಇರುವ ಗಂಟು ಕಾಣದೆ ಹೋಗುವುದು.

ಇದಕ್ಕೆ ಉಪಾಯಗಳಿಲ್ಲದಿಲ್ಲ. ಹಿಂದಿನ ದಿನವೇ ಹೊರಟು, ಆಸ್ಪತ್ರೆಯ ಹತ್ತಿರ ಶೌಚಾಲಯವಿರುವ ಕೋಣೆಯಲ್ಲಿಯೋ ಬಂಧುಗಳ ಮನೆಯಲ್ಲಿಯೋ ತಂಗುವುದು ಒಂದು. ಮಧ್ಯಾಹ್ನದ ಸರದಿಯನ್ನು ಕೇಳಿಕೊಳ್ಳುವುದು ಇನ್ನೊಂದು. ೩ ಗಂಟೆಯ ಸರದಿಯಾದರೆ ಬೆಳಿಗ್ಗೆ ೯ಕ್ಕೆ ಮನೆಯಲ್ಲಿಯೇ ಕುಡಿಯಲಾರಂಭಿಸಿ, ಹೊಟ್ಟೆಯ ಓಟವು ನಿಂತ ಮೇಲೆ ಹೊರಡಬಹುದು. ಮಿರಜಿನಷ್ಟು ಸಮೀಪದ ಊರಿಗೆ ಇದು ಸಾಧ್ಯ, ಬೆಳಗಾವಿಗೆ ತಂಗುವುದೇ ಲೇಸು. ದಿನವನ್ನು ಗೊತ್ತುಮಾಡುವಾಗಲೇ "ನಾವು ದೂರದಿಂದ ಬರುವವರು" ಎಂದು ತಿಳಿಸಿ ವೈದ್ಯರೊಡನೆ ಸಮಯವನ್ನು ನಿಶ್ಚಯಿಸಿಕೊಳ್ಳತಕ್ಕದ್ದು. ಪರೀಕ್ಷೆಯಲ್ಲಿ ಮಂಪರು ಬರಿಸುವ ಔಷಧವನ್ನು ಕೊಡುವುದರಿಂದ ಸಂಗಡ ಒಬ್ಬರು ಇರಬೇಕು. ಆ ದಿನ ರೋಗಿಯು ವಾಹನವನ್ನು ನಡೆಸಕೂಡದು.

ರೊಟ್ಟಿ, ಗುರೆಳ್ಳು, ಕಬ್ಬಿನ ಹಾಲು

ಪರೀಕ್ಷೆಗೆ ಒಂದೆರಡು ದಿನಗಳ ಮುಂಚಿನಿಂದ ನಾರಿಲ್ಲದ ಆಹಾರವನ್ನು ಸೇವಿಸಬೇಕೆನ್ನುವರು. ಬೇರೆ ದಿನಗಳಲ್ಲಿ ಕರುಳಿಗೆ ಹಿತವಾದ ನಾರೇ ಈ ದಿನಗಳಲ್ಲಿ ಅಡ್ಡಿಯಾಗುತ್ತದೆ. ಜೋಳದ ರೊಟ್ಟಿ, ಕಾಳುಪಲ್ಯ, ಹಸಿ ಸೊಪ್ಪು, ಶೇಂಗಾ ಹಿಂಡಿ, ಗುರೆಳ್ಳು ಹಿಂಡಿ ಇವೆಲ್ಲ ನಮ್ಮ ನಿತ್ಯದ ಊಟ. ಇವುಗಳನ್ನು ಬಿಟ್ಟು ಬಿಳಿ ಅನ್ನ, ಮಜ್ಜಿಗೆ, ಗಂಜಿ ಇಂಥವುಗಳನ್ನು ಆಶ್ರಯಿಸಬೇಕು. ಗುರೆಳ್ಳಿನ ಮೇಲೆ ಏಕಿಷ್ಟು ಮುನಿಸು? ಕೊಳೆಯನ್ನು ಹೀರುವ ಮಾರ್ಗದ ವ್ಯಾಸವು ೪ ಮಿಲಿಮೀಟರಿಗೂ ಕಿರಿದು. ಕೊಳವೆಯಲ್ಲಿ ಹರಿಯುವ ದ್ರವದ ಪ್ರಮಾಣವು ತ್ರಿಜ್ಯದ ನಾಲ್ಕನೆಯ ಘಾತಕ್ಕೆ ಅನುಗುಣವಾಗಿರುವುದೆಂಬ ಪ್ವಾಸೆಯ ನಿಯಮವನ್ನು ಕಾಲೇಜು ವಿದ್ಯಾರ್ಥಿಗಳು ಬಲ್ಲರು. ತ್ರಿಜ್ಯ ಅರ್ಧವಾದರೆ ಹರಿವು ಹದಿನಾರನೆಯ ಒಂದು ಪಾಲಿಗೆ ಇಳಿಯುವುದು. ಇಂಥ ಕಿರುದಾರಿಯಲ್ಲಿ ನಾಲ್ಕಾರು ಬೀಜಗಳು ಸಿಕ್ಕಿಕೊಂಡರೆ ಮುಗಿಯಿತು.

ಹಿಂದಿನ ದಿನ "ತಿಳಿಯಾದ ದ್ರವ" ಮಾತ್ರವೆಂದು ಚೀಟಿಯಲ್ಲಿ ಬರೆದಿದ್ದರೆ ಅದನ್ನು ಹೀಗೆ ಪರೀಕ್ಷಿಸಿರಿ. ಗಾಜಿನ ಲೋಟದಲ್ಲಿ ದ್ರವವನ್ನು ಹಾಕಿ ಅದರ ಹಿಂದೆ ಈ ಪತ್ರಿಕೆಯ ಪುಟವನ್ನು ಹಿಡಿಯಿರಿ. ಅಕ್ಷರಗಳನ್ನು ಓದಲು ಬಂದರೆ ಅದು ತಿಳಿಯಾದುದು. ಸೋಸಿದ ನಿಂಬೆಯ ಪಾನಕ, ಎಳನೀರು, ಹಾಲು ಹಾಕದ ಚಹ ಈ ಪರೀಕ್ಷೆಯಲ್ಲಿ ತೇರ್ಗಡೆಯಾಗುತ್ತವೆ. ಹಾಲು ಮತ್ತು ನಮ್ಮ ನಾಡಿನ ಕಬ್ಬಿನ ಹಾಲು ಎರಡೂ ತೇರ್ಗಡೆಯಾಗವು. ತೇಲುವ ಕಣಗಳು ಬೆಳಕನ್ನು ಚದರಿಸುವುದರಿಂದ ಅವು ಮಸುಕಾಗಿ ಕಾಣುತ್ತವೆ. ಆ ಕಣಗಳೇ ಕರುಳಿನಲ್ಲಿ ಶೇಷವಾಗಿ ಉಳಿಯಬಹುದಾದವು. ಕೆಂಪು ಬಣ್ಣದ ಪಾನೀಯಗಳು ತಿಳಿಯಾಗಿದ್ದರೂ ಬೇಡ. ಅವು ರಕ್ತವೆಂಬ ಭ್ರಾಂತಿಯನ್ನು ಉಂಟುಮಾಡಬಲ್ಲುವು.

ಎಚ್ಚರಿಕೆಯ ನಾಲ್ಕು ಮಾತು

ಯಾವ ಪುಡಿ, ಎಷ್ಟು, ಯಾವಾಗ ಎಂಬುದನ್ನು ನಿರ್ಣಯಿಸತಕ್ಕವರು ವೈದ್ಯರೇ. ಮಧುಮೇಹಕ್ಕೆ, ರಕ್ತ ಹೆಪ್ಪುಗಟ್ಟದಿರಲು, ಹೃದಯಕ್ಕೆ, ಮೂತ್ರಪಿಂಡಕ್ಕೆ ಔಷಧ ತೆಗೆದುಕೊಳ್ಳುವವರು ಅದನ್ನು ಮುಂಚಿತವಾಗಿಯೇ ಹೇಳಬೇಕು. ಮಲವನ್ನು ಕಪ್ಪಾಗಿಸುವ ಕಬ್ಬಿಣದ ಗುಳಿಗೆಗಳನ್ನು ಕೆಲವು ದಿನ ಮೊದಲೇ ನಿಲ್ಲಿಸಲು ಹೇಳುವುದುಂಟು. ಸ್ವಲ್ಪವೇ ಕುಡಿದರೆ ಸಾಕೆಂಬ ಕಾರಣದಿಂದ ಹಿಂದೆ ಜನಪ್ರಿಯವಾಗಿದ್ದ ಸೋಡಿಯಮ್ ಫಾಸ್ಫೇಟಿನ ಔಷಧಗಳು ಕೆಲವರ ಮೂತ್ರಪಿಂಡಗಳನ್ನು ಕೆಡಿಸಿದುದರಿಂದ ೨೦೦೮ರಲ್ಲಿ ಅಮೇರಿಕದ ಔಷಧ ನಿಯಂತ್ರಕರು ಎಚ್ಚರಿಕೆಯನ್ನು ಹೊರಡಿಸಬೇಕಾಯಿತು. ಸುಲಭವಾದುದೆಲ್ಲ ಸುರಕ್ಷಿತವಲ್ಲ; ಅಂಗಡಿಯಲ್ಲಿ ತಾವೇ ಕೇಳಿ ತರುವುದು ಸಲ್ಲದು. ಕುಡಿಯುವಾಗ ಓಕರಿಕೆ ಬಂದರೆ ಸ್ವಲ್ಪ ಹೊತ್ತು ತಡೆದು ನಿಧಾನವಾಗಿ ಮುಂದುವರಿಸಬಹುದು. ಆದರೆ ಹೊಟ್ಟೆ ಬಿಗಿದು ಉಬ್ಬಿ ತೀವ್ರವಾದ ನೋವು ಬಂದರೆ, ವಾಂತಿ ನಿಲ್ಲದಿದ್ದರೆ ಕುಡಿಯುವುದನ್ನು ನಿಲ್ಲಿಸಿ ಕ್ಷಣವೂ ತಡಮಾಡದೆ ವೈದ್ಯರಿಗೆ ತಿಳಿಸಬೇಕು.

ತೊಳೆದುದು ಸಾಕಾಯಿತೆಂದು ತಿಳಿಯುವ ಬಗೆ ಹೇಗೆ? ಹೊರಬರುವ ದ್ರವವು ತಿಳಿಹಳದಿಯಾಗಿ, ಮೂತ್ರದಂತೆ ಪಾರದರ್ಶಕವಾಗಿದ್ದರೆ ಕೆಲಸವಾಯಿತು. ಕಂದುಬಣ್ಣವೋ ಚೂರುಗಳೋ ಇದ್ದರೆ ಇನ್ನೂ ಆಗಿಲ್ಲವೆಂದು ಆಸ್ಪತ್ರೆಗೆ ಹೇಳಬೇಕು. ವೈದ್ಯರ ಬಳಿ ಇದಕ್ಕೆ ಅಂಕಗಳ ಕ್ರಮವೇ ಇದೆ. ೨೦೦೯ರಲ್ಲಿ ಅಮೇರಿಕದ ಬಾಸ್ಟನ್ನಿನಲ್ಲಿ ರೂಪಿಸಿದ ಈ ಕ್ರಮದಲ್ಲಿ ದೊಡ್ಡ ಕರುಳಿನ ಬಲ, ನಡು, ಎಡ ಭಾಗಗಳಿಗೆ ತಲಾ ೦ಯಿಂದ ೩ರವರೆಗೆ, ಒಟ್ಟು ೯ ಅಂಕಗಳು. ಪ್ರತಿಯೊಂದು ಭಾಗದಲ್ಲಿಯೂ ೨ ಅಂಕ ಬಂದರೆ ಉತ್ತೀರ್ಣ. ಒಂದು ಭಾಗದಲ್ಲಿ ೩ ಬಂದಿತೆಂದು ಇನ್ನೊಂದರ ೧ನ್ನು ಕ್ಷಮಿಸುವಂತಿಲ್ಲ.

ನಮ್ಮ ದೇಶದಲ್ಲಿ ಸರಕಾರದ ಅರ್ಬುದ ತಪಾಸಣೆಯು ಬಾಯಿ, ಸ್ತನ, ಗರ್ಭಕಂಠಗಳಿಗಾಗಿ ನಡೆಯುತ್ತದೆ. ದೊಡ್ಡ ಕರುಳಿನ ಪರೀಕ್ಷೆಯನ್ನು ಸಾಮಾನ್ಯವಾಗಿ ತೊಂದರೆ ಕಂಡ ಮೇಲೆಯೇ ಮಾಡಿಸುವರು. ಮಲದಲ್ಲಿ ರಕ್ತ, ಕಾರಣ ತಿಳಿಯದ ರಕ್ತಹೀನತೆ, ತೂಕ ಇಳಿಯುವುದು, ಮಲವಿಸರ್ಜನೆಯ ಕ್ರಮವು ಬದಲಾಗಿ ವಾರಗಟ್ಟಲೆ ಹಾಗೆಯೇ ಉಳಿಯುವುದು, ಇವುಗಳನ್ನು ಮೂಲವ್ಯಾಧಿಯೆಂದು ತಾವೇ ತೀರ್ಮಾನಿಸಿ ನಾಚಿಕೆಯಿಂದ ಮುಚ್ಚಿಡುವವರು ಹಳ್ಳಿಗಳಲ್ಲಿ ಬಹುಮಂದಿ. ಅಂಥವರು ಧೈರ್ಯಮಾಡಿ ವೈದ್ಯರ ಬಳಿ ಹೋಗಿ, ದಿನವನ್ನು ಗೊತ್ತುಮಾಡಿಕೊಂಡು, ಚೀಟಿಯನ್ನು ಹಿಡಿದು ಮನೆಗೆ ಬಂದಾಗ ಅದನ್ನು ಓದಿ ಹೇಳುವವರು ಈ ಪುಟಗಳ ವಾಚಕರೇ ಆಗಿರಬಹುದು. ಅಳತೆಯ ನೀರನ್ನು ಅಳೆದುಕೊಡಿರಿ. ಹತ್ತು ಹದಿನೈದು ನಿಮಿಷಗಳಿಗೊಂದು ಲೋಟವೆಂದು ಗಡಿಯಾರ ನೋಡಿರಿ. ಬೆಳಗಿನ ಜಾವದ ಎರಡನೆಯ ಪಾಲಿಗೆ ಎಬ್ಬಿಸಿರಿ. ಅದು ಏಕೆ ಬೇಕೆಂಬುದನ್ನು ತಿಳಿಯಹೇಳಿರಿ. ವೈದ್ಯರು ಮರುದಿನ ಎಷ್ಟು ಕಾಣಬಲ್ಲರೆಂಬುದು ಬಹುಮಟ್ಟಿಗೆ ಆ ರಾತ್ರಿ ನಿಮ್ಮ ಮನೆಯಲ್ಲಿಯೇ ನಿಶ್ಚಯವಾಗುತ್ತದೆ.